ವಾಗದರಿಯಲ್ಲಿ ನಾನು ಅನುವಾದಿಸದ ಮಾತು

ಫೆಬ್ರವರಿಯ ಕೊನೆಯ ವಾರ ವಿಜಯಪುರದಿಂದ ಬೆಳಗಿನ ಪ್ಯಾಸೆಂಜರ್ ಗಾಡಿ ಹಿಡಿದು ಸೊಲ್ಲಾಪುರಕ್ಕೆ ಹೊರಟೆ. ನೂರು ಕಿಲೋಮೀಟರಿನಷ್ಟು ದಾರಿ. ಜೋಳದ ರಾಶಿ ಮುಗಿದು ಹೊಲಗಳಲ್ಲಿ ಕಣಿಕೆಯ ಬಣವೆಗಳು ನಿಂತಿದ್ದವು. ಹತ್ತು ಗಂಟೆಯ ಹೊತ್ತಿಗೇ ಕಿಟಕಿಯ ಕಬ್ಬಿಣ ಮುಟ್ಟಲಾಗದಷ್ಟು ಕಾದಿತ್ತು. ಭೀಮೆಯ ಸೇತುವೆ ದಾಟಿದ ಮೇಲೆ ರೈಲು ಡಬ್ಬಿಯೊಳಗಿನ ಮಾತು ಮರಾಠಿಗೆ ಹೊರಳಿತು, ಬೆಲೆ ಚೌಕಾಸಿ ಬಂದಾಗ ಮತ್ತೆ ಕನ್ನಡಕ್ಕೆ ಮರಳಿತು. ನನ್ನ ಚೀಲದಲ್ಲಿ ಎರಡು ಸೀರೆ, ಒಂದು ಡಬ್ಬಿ ಅವಲಕ್ಕಿ ಮತ್ತು ನಾನು ಆರು ತಿಂಗಳಿಂದ ಕನ್ನಡಕ್ಕೆ ತರುತ್ತಿದ್ದ ಒಂದು ನಾಟಕದ ಹಸ್ತಪ್ರತಿ ಇದ್ದವು.

ಆ ನಾಟಕ ಬರೆದವಳು ಇಶಾನಿ. ಅಮೆರಿಕದ ನ್ಯೂಜೆರ್ಸಿಯಲ್ಲಿ ಹುಟ್ಟಿ ಬೆಳೆದ ಬಂಗಾಳಿ ಹೆಂಗಸು, ವಯಸ್ಸು ನಲವತ್ತೊಂದು. ಹಾಡುತ್ತಾಳೆ, ಇಂಗ್ಲಿಷಿನಲ್ಲಿ ನಾಟಕ ಬರೆಯುತ್ತಾಳೆ. ಊರೂರು ಅಲೆದು ಹಾಡುವ ಬಾವುಲರ ಧಾಟಿಯನ್ನೂ ಬಂಗಾಳಿ ಕೀರ್ತನೆಯನ್ನೂ ಕೂಡಿಸಿ ಏಕತಾರಿ ಹಿಡಿದು ಒಬ್ಬಳೇ ರಂಗದ ಮೇಲೆ ಎರಡು ಗಂಟೆ ನಿಲ್ಲುತ್ತಾಳೆ. ಅಲ್ಲಿರುವ ನನ್ನ ತಂಗಿಯ ಮಗಳು ಆ ಆಟದ ವಿಡಿಯೋ ಕಳಿಸಿದ್ದಳು. ಕೊನೆಯ ಹಾಡಿನ ಪಲ್ಲವಿ 'ಆಲೋ, ಆಲೋ'. ಬಂಗಾಳಿಯಲ್ಲಿ ಆಲೋ ಅಂದರೆ ಬೆಳಕು. ಹಾಡು ಕೇಳುತ್ತಲೇ ನಾನು ಕುಳಿತಲ್ಲಿಂದ ಎದ್ದೆ. ಆ ಧಾಟಿ ನಮ್ಮ ಕಡೆಯ ಕುರುಬರ ಡೊಳ್ಳಿನ ಪದದ್ದು. ಬೀರೋಬನ ಗುಡಿಯ ಮುಂದೆ ಚಿಕ್ಕಂದಿನಿಂದ ಕೇಳಿದ್ದು.

ಕಾಗದ ಬರೆದೆ. ಅವಳಿಂದ ಉದ್ದನೆಯ ಉತ್ತರ ಬಂತು. ಅವಳ ಅಜ್ಜ ಸೊಲ್ಲಾಪುರದ ಒಂದು ಬಟ್ಟೆ ಗಿರಣಿಯಲ್ಲಿ ಬಣ್ಣದ ರಸಾಯನ ನೋಡಿಕೊಳ್ಳುತ್ತಿದ್ದರಂತೆ. ಅವಳ ಅಮ್ಮ ಏಳು ವರ್ಷದವಳಾಗುವ ತನಕ ಸೊಲ್ಲಾಪುರದಲ್ಲೇ ಬೆಳೆದವಳು, ಅವಳನ್ನು ಎತ್ತಿ ಆಡಿಸಿದವಳು ಭಾಗವ್ವ ಎಂಬ ಆಳಿನ ಹೆಂಗಸು. ಮಾತು ಮರೆತರೂ ಅಮ್ಮ ಆ ರಾಗವನ್ನು ಅಮೆರಿಕದ ಅಡುಗೆಮನೆಯಲ್ಲಿ ಗುನುಗುತ್ತಿದ್ದಳು. ಭಾಗವ್ವನ ಊರು 'ಬಾಗ್ದೊರಿ' ಎಂದಿದ್ದಳು. ಅಮ್ಮ ತೀರಿಕೊಂಡ ಮೇಲೆ ಇಶಾನಿ ಆ ಊರನ್ನು ಬಂಗಾಳದ ನಕಾಶೆಯಲ್ಲಿ ಹುಡುಕಿ ಸೋತಿದ್ದಳು. ಬಂಗಾಳಿ ಬಾಯಿಯಲ್ಲಿ 'ವ' ಹೋಗಿ 'ಬ' ಆಗುತ್ತದೆ. ಅದು ಅಕ್ಕಲಕೋಟ ತಾಲೂಕಿನ ವಾಗದರಿ ಎಂದು ನಾನು ಬರೆದೆ. "ನಾನು ಬರುತ್ತೇನೆ, ನೀವು ನನ್ನ ಜೊತೆ ಬಂದು ಮಾತು ದಾಟಿಸಬೇಕು" ಎಂದಳು.

ಸೊಲ್ಲಾಪುರದಲ್ಲಿ ಮುಂಬೈ ಗಾಡಿಯಿಂದ ಇಳಿದವಳ ಕೈಯಲ್ಲಿ ಒಂದು ಸಣ್ಣ ಸೂಟ್‌ಕೇಸ್, ಬಟ್ಟೆಯಲ್ಲಿ ಸುತ್ತಿದ ಏಕತಾರಿ. ನನ್ನನ್ನು ದೀದಿ ಎಂದು ಕರೆದಳು. ವಾಗದರಿಗೆ ಬರಿಗೈಲಿ ಹೋಗಬಾರದೆಂದು ರಿಕ್ಷಾದಲ್ಲಿ ನವಿ ಪೇಠಕ್ಕೆ ಹೋದೆವು. ಒಂದು ಬಟ್ಟೆ ಅಂಗಡಿಯ ಯಜಮಾನರು ಮೊದಲು ಮರಾಠಿಯಲ್ಲಿ ಸೀರೆ ಬಿಚ್ಚಿದರು, ನನ್ನ ಕನ್ನಡ ಕೇಳಿ ಕನ್ನಡಕ್ಕೆ ಬಂದರು.

"ವಾಗದರಿಗಿ ಹೊಂಟೀರೇನ್ರಿ? ಅಲ್ಲಿ ಬೀರೋಬನ ಗುಡಿ ಮುಂದ ಕೇಳ್ರಿ, ಹಳೀ ಮಂದಿ ಎಲ್ಲಾ ಅಲ್ಲೇ ಕುಂತಿರತಾರ. ಈ ಅಕ್ಕಾರು ಎಲ್ಲಿಯವರು?"

"ಅಮೆರಿಕಾದವರು. ಇವರ ಅಜ್ಜ ಇಲ್ಲೇ ಗಿರಣ್ಯಾಗ ಇದ್ರು."

"ಗಿರಣಿ ಹೋಗಿ ಭಾಳ ದಿವಸ ಆತ್ರಿ," ಎಂದು ಅವರು ಹಸಿರು ಇಳಕಲ್ ಸೀರೆಯೊಂದನ್ನು ಮಡಚಿ ಕೊಟ್ಟರು. ಜೊತೆಗೆ ಒಂದು ಚಾದರನ್ನೂ ಕೊಂಡೆವು.

ಅಕ್ಕಲಕೋಟ ಅಲ್ಲಿಂದ ನಲವತ್ತು ಕಿಲೋಮೀಟರ್. ಎಸ್.ಟಿ. ಬಸ್ಸಿನಲ್ಲಿ ಹೆಂಗಸರಿಗೆ ಅರ್ಧ ಟಿಕೆಟ್ಟು. ಇಶಾನಿಗೂ ಅರ್ಧವೇ ಹರಿದುಕೊಟ್ಟಾಗ ಅವಳಿಗೆ ಬಲು ಖುಷಿ. ಸ್ವಾಮಿಗಳ ಗುಡಿಯ ಹತ್ತಿರ ಒಂದು ಲಾಡ್ಜಿನಲ್ಲಿ ಉಳಿದುಕೊಂಡು ಅನ್ನಛತ್ರದ ಸಾಲಿನಲ್ಲಿ ಕುಳಿತು ಊಟ ಮಾಡಿದೆವು. ಬೆಳಿಗ್ಗೆ ಎದ್ದಾಗ ಅವಳು ಕಿಟಕಿಯ ಹತ್ತಿರ ನಿಂತು ಗಂಟಲು ಸಡಿಲಿಸಿಕೊಳ್ಳುತ್ತಿದ್ದಳು. ಕನ್ನಡದ ಒಂದು ವಾಕ್ಯವಾದರೂ ಕಲಿಸಿ ಎಂದಳು. "ನಿಮ್ಮ ಅವ್ವನ ಹಾಡು ತಂದೀನಿ" ಎಂದು ಹೇಳಿಕೊಟ್ಟೆ. ವಾಗದರಿಯ ಬಸ್ಸು ಬರುವ ತನಕ ಅದನ್ನೇ ಅನ್ನುತ್ತಿದ್ದಳು.

ಅಂಗಡಿಯವರು ಹೇಳಿದಂತೆ ಬೀರೋಬನ ಗುಡಿಯ ಮುಂದೆ ಕೇಳಿದೆವು. ಭಾಗವ್ವ ತೀರಿಕೊಂಡು ಇಪ್ಪತ್ತು ವರ್ಷವಾಗಿತ್ತು. ಮಗಳು ಮಾಳವ್ವ ಇದ್ದಾಳೆ, ಗಂಡನನ್ನು ಕಳಕೊಂಡ ಮೇಲೆ ತವರೂರಿನಲ್ಲೇ ಮಗ ಸೊಸೆಯ ಜೊತೆ ಇದ್ದಾಳೆ ಎಂದರು. ಮನೆ ಗುಡಿಯಿಂದ ನೂರು ಹೆಜ್ಜೆ. ಮಗ ಕುರಿ ಹೊಡಕೊಂಡು ಅಡವಿಗೆ ಹೋಗಿದ್ದ. ಎಪ್ಪತ್ತು ದಾಟಿದ ಮಾಳವ್ವ ಕಟ್ಟೆಯ ಮೇಲೆ ಕೂತು ಉಣ್ಣೆ ಹಿಂಜುತ್ತಿದ್ದಳು. ಸೊಸೆ ಶಾಂತಾ ಚಾಪೆ ಹಾಸಿ, "ಬರ್ರಿ ಅಕ್ಕಾರ, ಕುಂಡ್ರಿ" ಎಂದಳು. ನಾನು ಯಾರು, ಇಶಾನಿ ಯಾರು, ಯಾಕೆ ಬಂದೆವು ಎಂದು ಎಲ್ಲ ಹೇಳಿದೆ. ಮಾಳವ್ವ ಕೈಯಲ್ಲಿದ್ದ ಉಣ್ಣೆ ಕೆಳಗಿಡದೆ ಕೇಳಿದಳು.

ಇಶಾನಿ ಕೈಮುಗಿದು ತಾನು ಕಲಿತ ವಾಕ್ಯ ಹೇಳಿದಳು: "ನಿಮ್ಮ ಅವ್ವನ ಹಾಡು ತಂದೀನಿ."

ಮಾಳವ್ವ ಅವಳನ್ನೇ ನೋಡಿದಳು. "ತಂದೀ? ಒಯ್ದಿದ್ದು ಯಾವಾಗ?"

"ಏನೆಂದರು?" ಎಂದು ಇಶಾನಿ ಕೇಳಿದಳು. "ಯಾವಾಗ ಬಂದಿರಿ ಅಂತ ಕೇಳುತ್ತಿದ್ದಾರೆ" ಎಂದುಬಿಟ್ಟೆ. ಶುರುವಿಗೇ ಮನಸ್ಸು ಮುರಿಯುವುದು ಬೇಡ ಎಂದು ನನ್ನ ಲೆಕ್ಕ. ಅದು ಮೊದಲನೆಯ ಸುಳ್ಳು, ಬಹಳ ಸುಲಭವಾಗಿ ಬಂತು.

ಇಶಾನಿ ಚೀಲದಿಂದ ಒಂದು ಫೋಟೋ ತೆಗೆದಳು. ಗಿರಣಿ ಬಂಗಲೆಯ ಮೆಟ್ಟಿಲ ಮೇಲೆ ಭಾಗವ್ವ ನಿಂತಿದ್ದಾಳೆ, ಸೊಂಟದ ಮೇಲೆ ಎರಡು ವರ್ಷದ ಹುಡುಗಿ. ಮಾಳವ್ವನ ಹತ್ತಿರ ತಾಯಿಯ ಒಂದು ಫೋಟೋ ಕೂಡ ಇರಲಿಲ್ಲವಂತೆ. ಆದರೂ ಅವಳ ಬೆರಳು ಮೊದಲು ಹೋದದ್ದು ಮಗುವಿನ ಮೇಲೆ.

"ಈ ಕೂಸು ಇವರವ್ವ ಏನ್ರಿ?"

"ಹೌದ್ರಿ."

"ನಾನೂ ಆವಾಗ ಇಷ್ಟೇ ಇದ್ದಿರಬೇಕು ನೋಡ್ರಿ. ನಮ್ಮವ್ವ ನನ್ನ ಅಕಿ ಅವ್ವನ ಹಂತ್ಯಾಕ ಬಿಟ್ಟು ಹೋಗಿದ್ಲು. ಸೋಮವಾರಕ್ಕೊಮ್ಮೆ ಬರ್ತಿದ್ಲು, ಸಂಜೀಕ ಹೋಗ್ತಿದ್ಲು. ನಾ ಅಕಿ ಹಂತ್ಯಾಕ ಹೋಗ್ತಿದ್ದಿಲ್ಲ, ಹೊಸಬರಗತೆ ಅನಸ್ತಿತ್ತು. ಹಾಡು ಅಂದ್ರ ಗಂಟಲಾ ನೋಯಾಕತ್ತದ ಅಂತಿದ್ಲು. ನನಗ ಒಂದ ದಿನಾನೂ ಹಾಡಿಲ್ರಿ ಅಕಿ."

ಇದನ್ನು ನಾನು ಇಶಾನಿಗೆ ಇದ್ದದ್ದು ಇದ್ದ ಹಾಗೆ ಹೇಳಿದೆ. ಅವಳು "ಹಾಡಲೇ?" ಎಂದು ಕೇಳಿ, ಏಕತಾರಿ ಬಿಚ್ಚದೆಯೇ, ಬರೀ ದನಿಯಲ್ಲಿ ಹಾಡಿದಳು. ರಂಗದ ಮೇಲಿನ ಏರಿಳಿತ ಯಾವುದೂ ಇರಲಿಲ್ಲ. ಶಾಂತಾ ಬಾಗಿಲಲ್ಲಿ ನಿಂತು, "ಅಯ್ಯ, ಇದು ನಮ್ಮ ಡೊಳ್ಳಿನ ಪದದ ಚಾಲ ಐತಲ್ರಿ!" ಎಂದು ಬೆರಗಾದಳು.

"ಆಲೋ ಅಂದ್ರ ಏನ್ರಿ ಅಕ್ಕಾರ?" ಎಂದಳು ಮಾಳವ್ವ.

"ಬೆಳಕು ಅಂತ."

ನಾನು ಇದನ್ನು ಹೇಳುತ್ತಿದ್ದಂತೆ ಇಶಾನಿ ಇನ್ನೊಂದು ಮಾತು ಸೇರಿಸಿದಳು. ಅಮ್ಮ ಗುನುಗುತ್ತಿದ್ದದ್ದು ಆಲೋ ಅಲ್ಲ, 'ಮಾಲು, ಮಾಲು' ಎಂದು. ಬಂಗಾಳಿಯಲ್ಲಿ ಅದಕ್ಕೆ ಯಾವ ಅರ್ಥವೂ ಹೊಂದಲಿಲ್ಲ, ಹಾಗಾಗಿ ತಾನೇ ಅದನ್ನು ಆಲೋ ಮಾಡಿಕೊಂಡೆ ಎಂದಳು. ನಾನು ಕನ್ನಡದಲ್ಲಿ ಹೇಳತೊಡಗಿದವಳು ವಾಕ್ಯದ ನಡುವೆ ನಿಂತುಬಿಟ್ಟೆ. ಅಷ್ಟರಲ್ಲಿ ಮಾಳವ್ವನಿಗೆ ಕೇಳಿಸಿತ್ತು.

"ಮಾಲು ಅಲ್ಲ, ಮಾಳು," ಎಂದಳು. ಉಣ್ಣೆ ಈಗ ನೆಲದ ಮೇಲಿತ್ತು. "ಊರಾಗ ಎಲ್ಲಾರೂ ಮಾಳವ್ವ ಅಂತಾರ. ಮಾಳು ಅಂತಿದ್ದಾಕಿ ಅಕಿ ಒಬ್ಬಾಕಿನ. ಪರರ ಕೂಸಿನ ತೊಡೀ ಮ್ಯಾಲ ಹಾಕ್ಕೊಂಡು ನನ್ನ ಹೆಸರ ಹಿಡದು ಹಾಡ್ಯಾಳ ನೋಡ್ರಿ. ನನಗ ಗೊತ್ತ ಆಗಲಿಲ್ಲ."

ಅವಳು ಅಳಲಿಲ್ಲ. ಸೆರಗಿನಿಂದ ಫೋಟೋದ ಮೇಲಿನ ಧೂಳು ಒರೆಸಿದಳು. ಇಶಾನಿಗೆ ನಾನು ಹೇಳಿ ಮುಗಿಸಿದಾಗ ಅವಳ ಕಣ್ಣಿನಿಂದ ನೀರು ಸುರಿಯುತ್ತಿತ್ತು. ಇನ್ನು ಮುಂದೆ ಆಲೋ ಎನ್ನುವುದಿಲ್ಲ, ಮಾಳು ಎಂದೇ ಹಾಡುತ್ತೇನೆ, ಈ ಹಾಡನ್ನು ನಾಟಕದಲ್ಲಿ ಇಟ್ಟುಕೊಳ್ಳಲು ಒಪ್ಪಿಗೆ ಇದೆಯೇ ಕೇಳಿ ಎಂದಳು. ಕೇಳಿದೆ.

ಮಾಳವ್ವ ಯೋಚಿಸಿ, ಪ್ರತಿ ಮಾತನ್ನೂ ಬಿಡಿಬಿಡಿಯಾಗಿ ಹೇಳಿದಳು: "ಈ ಪದಾ ಇನ್ನ ಮಂದಿ ಮುಂದ ಹಾಡಬ್ಯಾಡ ಅನ್ರಿ ಅಕಿಗಿ."

ಇಶಾನಿ ನನ್ನ ಮುಖ ನೋಡುತ್ತಿದ್ದಳು. ಆ ಹಾಡು ಹೋದರೆ ನಾಟಕದ ಬೆನ್ನೆಲುಬೇ ಹೋದಂತೆ. ನನ್ನ ಆರು ತಿಂಗಳ ಕೆಲಸ ಚೀಲದಲ್ಲಿತ್ತು. ಧಾರವಾಡದ ಒಂದು ತಂಡ ಅದನ್ನು ಆಡುತ್ತೇವೆ ಎಂದಿತ್ತು. ಅನುವಾದಕಿ ಎಂದು ನನ್ನ ಹೆಸರು ಅಚ್ಚಾದ ಕರಪತ್ರವನ್ನು ನಾನು ಮನಸ್ಸಿನಲ್ಲೇ ಎಷ್ಟೋ ಸಲ ಓದಿಕೊಂಡಿದ್ದೆ. ಇದನ್ನೆಲ್ಲ ಆ ಗಳಿಗೆಯಲ್ಲಿ ಯೋಚಿಸಿದೆ ಎಂದರೆ ಸುಳ್ಳಾದೀತು. ಆದರೆ ಬಾಯಿಗೆ ಬಂದದ್ದು ಹೀಗೆ: "ತಾಯಿಯ ಹಾಡು ನಿನ್ನ ಕೈಯಲ್ಲಿ ಉಳಿದಿದೆಯಲ್ಲ, ಅದೇ ಸಮಾಧಾನ ಅನ್ನುತ್ತಿದ್ದಾರೆ."

ಇಶಾನಿ ಮುಂದೆ ಬಾಗಿ ಮಾಳವ್ವನ ಎರಡೂ ಪಾದ ಹಿಡಿದಳು. ಮಾಳವ್ವ ಒಂದು ಕ್ಷಣ ತಬ್ಬಿಬ್ಬಾದಳು. ಆಮೇಲೆ ಅವಳ ತಲೆಯ ಮೇಲೆ ಕೈಯಿಟ್ಟು, "ಆತು ಬಿಡವ್ವ, ಚಲೋ ಆತು" ಎಂದಳು. ಹಾಡು ಬಿಡಲು ಹುಡುಗಿ ಒಪ್ಪಿದಳು ಎಂದು ಮಾಳವ್ವನಿಗೆ, ಹಾಡು ಸಿಕ್ಕಿತು ಎಂದು ಇಶಾನಿಗೆ. ನಡುವೆ ಕುಳಿತ ನನಗೆ ಮಾತ್ರ ಎರಡೂ ಗೊತ್ತಿತ್ತು.

ಶಾಂತಾ ಜೋಳದ ರೊಟ್ಟಿ, ಪುಂಡಿಪಲ್ಯ, ಶೇಂಗಾ ಹಿಂಡಿ, ಮಜ್ಜಿಗೆ ಬಡಿಸಿದಳು. ಮಾಳವ್ವ ಇಶಾನಿಯ ತಾಟಿಗೆ ತಾನೇ ಬೆಣ್ಣೆ ಹಾಕಿದಳು. ನಾವು ಕೊಟ್ಟ ಹಸಿರು ಸೀರೆಯನ್ನು ಮಡಿಲಲ್ಲಿ ಇಟ್ಟುಕೊಂಡೇ ಉಂಡಳು. ನಾನು ಮುರಿದ ರೊಟ್ಟಿಯನ್ನು ತಾಟಿನಲ್ಲೇ ಬಿಟ್ಟೆ. "ಯಾಕ್ರಿ ಅಕ್ಕಾರ, ಖಾರ ಆತೇನ್ರಿ?" ಎಂದು ಶಾಂತಾ ಕೇಳಿದಳು. ಹೌದೆಂದೆ. ಬಸ್ಸಿಗೆ ಹೊರಟಾಗ ಅವಳ ಫೋನ್ ನಂಬರು ಬರೆದುಕೊಂಡೆ.

ಮರುದಿನ ಮಧ್ಯಾಹ್ನ ಸೊಲ್ಲಾಪುರ ಸ್ಟೇಷನ್ನಿನಲ್ಲಿ ಇಶಾನಿಯ ಮುಂಬೈ ಗಾಡಿಗೆ ಕಾಯುತ್ತ ಕುಳಿತೆವು. ಮುಂಬೈಯಿಂದ ಅವಳ ವಿಮಾನ ಮರುದಿನ ಬೆಳಗಿಗೆ. ಕಡಕ್ ರೊಟ್ಟಿಯ ಪೊಟ್ಟಣ ಬಿಚ್ಚಿ ನನಗೂ ಒಂದು ಮುರಿದುಕೊಟ್ಟು ಅವಳು ಹೇಳಿದಳು: "ದೀದಿ, ಅವರು ಬೇಡ ಅನ್ನುತ್ತಾರೆ ಎಂದು ದಾರಿಯುದ್ದಕ್ಕೂ ಹೆದರಿದ್ದೆ. ಬೇಡ ಅಂದಿದ್ದರೆ ಯಾಕೆ ಅಂತ ಹೇಳುವ ತನಕ ಆ ಅಂಗಳದಿಂದ ಏಳುತ್ತಿರಲಿಲ್ಲ."

ಇನ್ನು ತಡೆಯಲಾಗಲಿಲ್ಲ. ಎರಡೂ ಸುಳ್ಳು ಹೇಳಿಬಿಟ್ಟೆ.

ಅವಳು ಕೂಗಾಡಲಿಲ್ಲ. "ಅವರು ಅಂದದ್ದನ್ನು ಕನ್ನಡದಲ್ಲೇ ಹೇಳಿ" ಎಂದಳು. ಹೇಳಿದೆ. 'ಹಾಡಬ್ಯಾಡ' ಎಂಬ ಪದವನ್ನು ಎರಡು ಸಲ ತಾನೂ ಅಂದು ನೋಡಿದಳು.

"ನಾನು ಕಾಲು ಹಿಡಿದಾಗ ಅವರು ಏನೆಂದುಕೊಂಡಿರಬೇಕು?"

"ನೀನು ಒಪ್ಪಿಕೊಂಡೆ ಅಂತ."

"ಹಾಗಾದರೆ ಒಪ್ಪಿಕೊಂಡ ಹಾಗೆಯೇ," ಎಂದಳು.

"ಯಾಕೆ ಬೇಡ ಅಂದರೋ..." ಎಂದು ನಾನು ಶುರು ಮಾಡಿದೆ.

"ಅದನ್ನು ನೀವು ಕೇಳಲಿಲ್ಲ. ನೀವು ಹೇಳದ್ದರಿಂದ ನನಗೂ ಕೇಳಲಾಗಲಿಲ್ಲ."

ಗಾಡಿ ಬಂತು. ಏಕತಾರಿಯನ್ನು ನಾನು ಎತ್ತಿಕೊಡಲು ಹೋದೆ, ಅವಳೇ ತೆಗೆದುಕೊಂಡಳು. ಬಾಗಿಲಲ್ಲಿ ನಿಂತು ಕೈಮುಗಿದಳು, ದೀದಿ ಎನ್ನಲಿಲ್ಲ. ನಾನು ವಿಜಯಪುರದ ಗಾಡಿ ಹತ್ತಿದಾಗ ಡಬ್ಬಿಯಲ್ಲಿ ಕೂರಲು ಜಾಗವಿರಲಿಲ್ಲ, ಭೀಮೆ ದಾಟುವ ತನಕ ನಿಂತೇ ಬಂದೆ.

ಇಶಾನಿ ಆ ಹಾಡನ್ನು ನಾಟಕದಿಂದ ತೆಗೆದಿದ್ದಾಳೆ. ಕೊನೆಯ ದೃಶ್ಯ ಈಗ ಮಾತಿನಲ್ಲಿ ಮುಗಿಯುತ್ತದಂತೆ. ಮೊದಲಿನಂತೆ ಇಲ್ಲ ಎಂದು ನನ್ನ ತಂಗಿಯ ಮಗಳು ಬರೆದಳು. ಧಾರವಾಡದ ತಂಡಕ್ಕೆ ಹಸ್ತಪ್ರತಿ ಕೊಡುವುದಿಲ್ಲ ಎಂದು ನಾನೂ ಹೇಳಿದೆ. ಒಂದು ತಿಂಗಳು ಹಿಂದೆಮುಂದೆ ನೋಡಿ, ಶಾಂತಾಳ ಫೋನಿಗೆ ಕರೆ ಮಾಡಿ ಮಾಳವ್ವನ ಮುಂದೆ ಎಲ್ಲ ಒಪ್ಪಿಕೊಂಡೆ.

"ಅಷ್ಟ ದೂರದಿಂದ ಬಂದಾಕಿ, ಯಾಕ ಅಂತ ಒಂದ ಮಾತು ಕೇಳ್ತಾಳಂತ ಮಾಡಿದ್ದೆ ಅಕ್ಕಾರ," ಎಂದಳು ಮಾಳವ್ವ. "ಕೇಳಲಿಲ್ಲ, ಕಾಲಿಗಿ ಬಿದ್ಲು. ಕೇಳಿದ್ರ ಹೇಳ್ತಿದ್ದೆ. ಮೊದಲ ನನಗ ಒಮ್ಮಿ ಹಾಡವ್ವಾ, ನನ್ನ ಹೆಸರ ಹಿಡದು. ಆಮ್ಯಾಲ ಎಲ್ಲಿ ಬೇಕಾದಲ್ಲಿ ಹಾಡಕೋ, ಅಂತಿದ್ದೆ."

ಇಶಾನಿಯಿಂದ ಫೋನಿನಲ್ಲಿ ಹಾಡಿಸಲೇ ಎಂದು ಕೇಳಿದೆ.

"ಫೋನಿನಾಗ ಬ್ಯಾಡ್ರಿ. ಎದುರ ಕುಂತು ಹಾಡಿದ್ರ ಕೇಳ್ತೀನಿ."

ಇದನ್ನು ಒಂದಕ್ಷರ ಬಿಡದೆ ಇಶಾನಿಗೆ ಬರೆದೆ. ಹದಿನೈದು ದಿನ ಬಿಟ್ಟು ಉತ್ತರ ಬಂತು: ಈ ವರ್ಷ ಆಗುವುದಿಲ್ಲ, ಮುಂದಿನ ಚಳಿಗಾಲಕ್ಕೆ ನೋಡುತ್ತೇನೆ. ಅದನ್ನು ಮಾಳವ್ವನಿಗೆ ಫೋನಿನಲ್ಲಿ ಓದಿ ಹೇಳಿದೆ.

"ಬರ್ತೀನಿ ಅಂದಾಳೋ, ನೋಡ್ತೀನಿ ಅಂದಾಳೋ?" ಎಂದು ಕೇಳಿದಳು.

"ನೋಡ್ತೀನಿ ಅಂದಾಳ್ರಿ," ಎಂದೆ.