ಅಪ್ಪನ ತಂಡ ಸೋಲುತ್ತಿದ್ದ ವರ್ಷ

ಅಪ್ಪ ವಾದ ಮಾಡದೆ ಬಿಟ್ಟ ವಿಷಯವೇ ಇರಲಿಲ್ಲ. ಚಟ್ನಿಗೆ ಹುರಿಗಡಲೆ ಎಷ್ಟು ಬೀಳಬೇಕು ಎಂಬುದರಿಂದ ಹಿಡಿದು ದೇವರು ಇದ್ದಾನೋ ಇಲ್ಲವೋ ಎಂಬುದರವರೆಗೆ ಎಲ್ಲದರಲ್ಲೂ ಅವರದೊಂದು ಪಕ್ಷ ಇರುತ್ತಿತ್ತು. ನಾನು ಅದನ್ನು ಒಪ್ಪಿಬಿಟ್ಟರೆ ಮರುಕ್ಷಣವೇ ಎದುರು ಪಕ್ಷಕ್ಕೆ ಹಾರುತ್ತಿದ್ದರು. ನೈರೋಬಿಯಲ್ಲಿ ಕಾಲೇಜಿನ ಚರ್ಚಾ ತಂಡ ಸೇರಿದಾಗ, ಇದನ್ನೆಲ್ಲ ಎಲ್ಲಿ ಕಲಿತೆ ಎಂದು ಕೋಚ್ ಕೇಳಿದ್ದರು. ಊಟದ ಟೇಬಲ್ಲಿನಲ್ಲಿ ಎಂದಿದ್ದೆ.

ಎರಡು ಸಾವಿರದ ಹತ್ತರ ದಶಕದ ಮಧ್ಯದ ಒಂದು ಫೆಬ್ರವರಿಯಲ್ಲಿ, ನೈರೋಬಿಯ ವೆಸ್ಟ್‌ಲ್ಯಾಂಡ್ಸ್‌ನ ಆಫೀಸಿನಲ್ಲಿ, ಮೀಟಿಂಗಿನ ನಡುವೆ ಅಪ್ಪನಿಗೆ ಸ್ಟ್ರೋಕ್ ಆಯಿತು. ಕೈಕಾಲು ಬೇಗ ಚೇತರಿಸಿಕೊಂಡವು. ಮಾತು ಚೇತರಿಸಿಕೊಳ್ಳಲಿಲ್ಲ. ಎಲ್ಲ ಅರ್ಥವಾಗುತ್ತಿತ್ತು, ಏನು ಹೇಳಬೇಕೆಂಬುದೂ ಗೊತ್ತಿತ್ತು, ಪದ ಮಾತ್ರ ನಾಲಿಗೆಗೆ ಬರುತ್ತಿರಲಿಲ್ಲ. ಹ್ಞೂಂ, ಬೇಡ, ಸಾಕು. ಇಷ್ಟರಲ್ಲೇ ದಿನ ತೆಗೆಯುತ್ತಿದ್ದರು. ಉಳಿದದ್ದನ್ನು ಅಮ್ಮ ತುಂಬಿಕೊಡುತ್ತಿದ್ದಳು. ಅವರು ಕೈ ಎತ್ತುವಷ್ಟರಲ್ಲಿ "ನೀರು ತಾನೇ? ತಂದೆ ತಂದೆ" ಎಂದು ಓಡುತ್ತಿದ್ದಳು. ಅಪ್ಪನಿಗೆ ಬೇಕಾಗಿದ್ದದ್ದು ಕೆಲವು ಸಲ ನೀರಲ್ಲ. ಆದರೂ ಕುಡಿಯುತ್ತಿದ್ದರು. ವಾದವಿಲ್ಲದೆ ನೀರು ಕುಡಿಯುವ ಅಪ್ಪನನ್ನು ನೋಡಿದರೆ ನನಗೆ ಹೆದರಿಕೆಯಾಗುತ್ತಿತ್ತು.

ಸ್ಪೀಚ್ ಥೆರಪಿಗೆ ಬರುತ್ತಿದ್ದ ಕೆನ್ಯಾದ ಹೆಂಗಸು ಒಂದು ದಿನ ಇಂಗ್ಲಿಷಿನಲ್ಲಿ ನನ್ನನ್ನು ಕೇಳಿದರು, ಮನೆಯಲ್ಲಿ ಯಾವ ಭಾಷೆಯಲ್ಲಿ ಜಗಳ ಆಡುತ್ತೀರಿ ಅಂತ. ಕನ್ನಡದಲ್ಲಿ, ಎಂದೆ. ಹಾಗಾದರೆ ಕನ್ನಡದಲ್ಲೇ ಮಾತಾಡಿಸಿ, ಅವರಿಗೆ ಇಷ್ಟವಾದ ವಿಷಯ ಹಿಡಿಯಿರಿ, ಆಮೇಲೆ ಸುಮ್ಮನೆ ಕಾಯಿರಿ ಎಂದರು.

ಕ್ಯಾಲೆಂಡರಿನ ಹಾಳೆಯ ಕೆಳಗೆ ಅಚ್ಚು ಹಾಕಿರುವ ಸುಭಾಷಿತದಂತೆ ಕೇಳಿಸಿತು. ಆದರೆ ಖಂಡಿಸುವವರ ಕೈಯಲ್ಲಿ ಇನ್ನೊಂದು ಪ್ರಸ್ತಾವವಾದರೂ ಇರಬೇಕಲ್ಲ. ನನ್ನಲ್ಲಿರಲಿಲ್ಲ.

ಅಪ್ಪನಿಗೆ ಇಷ್ಟವಾದದ್ದು ರಗ್ಬಿ ಲೀಗ್. ನೈರೋಬಿಗೆ ಬರುವ ಮುಂಚೆ ಕಂಪನಿ ಅವರನ್ನು ಸಿಡ್ನಿಗೆ ಹಾಕಿತ್ತು. ಅಲ್ಲಿ ನಮ್ಮ ಮನೆಯ ಹತ್ತಿರದ ಕ್ಲಬ್ಬೊಂದಕ್ಕೆ ಅಪ್ಪ ಮನಸ್ಸು ಕೊಟ್ಟುಬಿಟ್ಟರು. ಊರು ಬದಲಾದರೂ ಪಕ್ಷ ಬದಲಿಸಲಿಲ್ಲ. ಅವರ ಮಟ್ಟಿಗೆ ಇದೊಂದೇ ಅಪವಾದ. ಆಸ್ಟ್ರೇಲಿಯದ ಭಾನುವಾರ ಮಧ್ಯಾಹ್ನದ ಪಂದ್ಯ ನೈರೋಬಿಯ ಲ್ಯಾವಿಂಗ್ಟನ್‌ನ ನಮ್ಮ ಮನೆಗೆ ತಿಂಡಿಯ ಹೊತ್ತಿಗೆ ಬರುತ್ತಿತ್ತು. ಆ ವರ್ಷ ಅವರ ತಂಡ ವಾರದಿಂದ ವಾರಕ್ಕೆ ಸೋಲುತ್ತಿತ್ತು. ಪಟ್ಟಿಯ ತಳದಲ್ಲಿ ಉಳಿದವರಿಗೆ ಮರದ ಚಮಚ ಬಂತು ಅಂತ ಅಲ್ಲಿಯವರು ಹಂಗಿಸುತ್ತಾರೆ.

"ಕೊಡಲಿ ಬಿಡು, ಸಾರು ತಿರುವೋಕಾಗತ್ತೆ" ಎಂದಳು ಅಮ್ಮ.

ನಾನು ತಯಾರಿ ಮಾಡಿಕೊಂಡೆ. ಮೊದಲ ಭಾನುವಾರ ಪಂದ್ಯ ಶುರುವಾಗುತ್ತಲೇ, "ಅಪ್ಪಾ, ಇಂಥ ಆಟನ ಬ್ಯಾನ್ ಮಾಡ್ಬೇಕು. ತಲೆಗೆ ಪೆಟ್ಟು ಬೀಳೋದಕ್ಕೆ ಸಂಬಳ ಕೊಡೋದು ಯಾವ ನ್ಯಾಯ?" ಎಂದೆ. ಅಪ್ಪ ನನ್ನನ್ನು ನೋಡಿ ನಕ್ಕರು. ಮುಂದಿನ ವಾರ, ಗೆಲ್ಲುವ ತಂಡಕ್ಕೆ ನಿಷ್ಠೆ ಬದಲಿಸುವುದೇ ತರ್ಕಬದ್ಧ ಎಂದು ವಾದಿಸಿದೆ. ಮತ್ತೆ ನಕ್ಕರು. ಕ್ರಿಕೆಟ್ಟಿನ ಮುಂದೆ ಇದೇನು ಮಹಾ ಎಂದೆ. ನನ್ನ ಮೊಣಕಾಲು ತಟ್ಟಿ ಟಿವಿಯ ಕಡೆ ತಿರುಗಿದರು. ಗಾಳ ಹಾಕುತ್ತಿದ್ದೇನೆಂದು ಅವರಿಗೆ ಚೆನ್ನಾಗಿ ತಿಳಿದಿತ್ತು. ಹೇಳುವವರಿಗೇ ನಂಬಿಕೆಯಿಲ್ಲದ ವಾದವನ್ನು ಮೂಸಿ ನೋಡಿಯೇ ಗುರುತು ಹಿಡಿಯುವುದನ್ನು ನನಗೆ ಕಲಿಸಿದವರೇ ಅವರಲ್ಲವೇ.

ಅಮ್ಮನಿಗೂ ಒಂದು ನಿಯಮ ಮಾಡಿದ್ದೆ. ಆಟ ಮುಗಿಯುವವರೆಗೆ ಅಪ್ಪನ ಬಾಯಿಗೆ ಪದ ಹಾಕುವಂತಿಲ್ಲ.

"ಇದು ಮನೆ ಕಣೆ, ನಿನ್ನ ಡಿಬೇಟ್ ಸ್ಟೇಜ್ ಅಲ್ಲ. ಅವರು ತಡವರಿಸ್ತಾ ಇದ್ರೆ ನಾನು ಬಾಯಿ ಮುಚ್ಕೊಂಡು ಕೂತಿರ್ಬೇಕಾ?"

"ಅವರ ಸರದಿ ಬಂದಾಗ ನೀನು ಮಾತಾಡಿದ್ರೆ ಅವರ ಸರದಿನೇ ಹೋಗತ್ತಲ್ಲಮ್ಮ."

"ನಿನಗೇನು ಗೊತ್ತು" ಎಂದಳು. ಅವಳ ಕಣ್ಣು ತುಂಬಿದವು.

ಏಪ್ರಿಲ್ ಮಳೆ ಸುರಿದುಹೋಯಿತು, ಮೇ ಕಳೆಯಿತು. ಜುಲೈ ಬರುವಷ್ಟರಲ್ಲಿ ನಾನು ಗಾಳ ಹಾಕುವುದನ್ನು ಬಿಟ್ಟಿದ್ದೆ. ನೈರೋಬಿಯ ಜುಲೈ ಬೂದು ಬಣ್ಣದ ತಿಂಗಳು, ಬೆಳಿಗ್ಗೆ ಸ್ವೆಟರ್ ಇಲ್ಲದೆ ಕೂರಲಾಗುವುದಿಲ್ಲ. ಅಪ್ಪನಿಗೆ ಶಾಲು ಹೊದಿಸಿ ಪಕ್ಕದಲ್ಲಿ ಸುಮ್ಮನೆ ಕೂರುತ್ತಿದ್ದೆ. ಹಾಗೆ ಕೂತೂ ಕೂತೂ ಪಂದ್ಯವನ್ನು ನಿಜವಾಗಿಯೇ ನೋಡತೊಡಗಿದ್ದೆ. ನಿಯಮ ತಿಳಿಯದಿದ್ದಾಗ ಕಾಲೇಜಿನ ಗೆಳೆಯರನ್ನು ಕೇಳುತ್ತಿದ್ದೆ. ನೈರೋಬಿಯಲ್ಲಿ ರಗ್ಬಿ ಗೊತ್ತಿಲ್ಲದವರು ಯಾರಿದ್ದಾರೆ? ಮಟಾಟು ವ್ಯಾನಿನ ಕಂಡಕ್ಟರ್ ಕೂಡ ಹೇಳಿಕೊಡುತ್ತಾನೆ.

ಒಂದು ಭಾನುವಾರ ಅಪ್ಪನ ತಂಡ ಅಪರೂಪಕ್ಕೆ ಮುಂದಿತ್ತು. ಅಮ್ಮ ಕಾವಲಿಯ ಮೇಲೆ ದೋಸೆ ಹುಯ್ದು, ಸೌಟು ಹಿಡಿದುಕೊಂಡೇ ಬಾಗಿಲಲ್ಲಿ ನಿಂತು ನೋಡುತ್ತಿದ್ದಳು. ಚೆಂಡು ಪಕ್ಕದ ಗೆರೆ ದಾಟಿತು. ನಾನು ಅಮ್ಮನಿಗೆ ವಿವರಿಸಿದೆ:

"ಈಗ ನೋಡಮ್ಮ, ಎರಡು ಸಾಲಾಗಿ ನಿಲ್ತಾರೆ. ಒಬ್ಬನ್ನ ಉಳಿದವರು ಮೇಲಕ್ಕೆ ಎತ್ತಿ ಹಿಡೀತಾರೆ. ಅವನು ಗಾಳಿಲೇ ಚೆಂಡು ಹಿಡಿಯೋದು."

ಅಪ್ಪ ತಿರುಗಿ ನನ್ನನ್ನು ನೋಡಿದರು. ಈ ಸಲ ನಗಲಿಲ್ಲ.

"ಇಲ್ಲ."

"ಹೌದಪ್ಪ. ನಾನು ಕೇಳಿ ತಿಳ್ಕೊಂಡಿದ್ದೀನಿ."

"ಇಲ್ಲ... ಇಲ್ಲ. ಅದು..." ಕೈ ಗಾಳಿಯಲ್ಲಿ ಏನನ್ನೋ ಹುಡುಕಿತು. ಅಮ್ಮ ಬಾಯಿ ತೆರೆದಳು. ನಾನು ಅವಳ ಕಡೆ ನೋಡಲೂ ಇಲ್ಲ, ಅವಳೇ ತುಟಿ ಕಚ್ಚಿಕೊಂಡಳು. "ಅದು... ಬೇರೆ. ಬೇರೆ ಆಟ. ಇಲ್ಲಿ ಆಡ್ತಾರಲ್ಲ... ಯೂನಿಯನ್. ಅದು."

ನಿಜ. ರಗ್ಬಿಯಲ್ಲಿ ಎರಡು ಬಗೆ, ಯೂನಿಯನ್ ಮತ್ತು ಲೀಗ್. ನೈರೋಬಿ ಆಡುವುದು ಯೂನಿಯನ್. ನನ್ನ ಗೆಳೆಯರು ಅಷ್ಟು ದಿನವೂ ಆ ಇನ್ನೊಂದು ಆಟದ ನಿಯಮಗಳನ್ನೇ ನನಗೆ ಕಲಿಸಿದ್ದರು. ಅದು ನನಗೆ ಆ ಗಳಿಗೆಯಲ್ಲಿ ತಿಳಿದಿರಲಿಲ್ಲ, ಆದ್ದರಿಂದ ಪೂರ್ತಿ ಪ್ರಾಮಾಣಿಕವಾಗಿ ಜಗಳಕ್ಕಿಳಿದೆ.

"ರಗ್ಬಿ ಅಂದ್ರೆ ರಗ್ಬಿ ಅಪ್ಪ. ಏನ್ ಮಹಾ ವ್ಯತ್ಯಾಸ?"

"ವ್ಯತ್ಯಾಸನಾ!" ಅಪ್ಪನ ಮುಖ ಕೆಂಪಾಯಿತು. "ಇಲ್ಲಿ... ಹದಿಮೂರು ಜನ. ಕೆಡವಿದ್ರೆ... ಎದ್ದು, ಕಾಲಲ್ಲಿ ಹಿಂದಕ್ಕೆ. ಆರು ಸಲ. ಆರು. ಆಮೇಲೆ... ಆಮೇಲೆ ಅವರಿಗೆ."

"ಅವರಿಗೆ ಏನು?"

ಪದ ಬರಲಿಲ್ಲ. ಅಪ್ಪ ಕಣ್ಣು ಮುಚ್ಚಿದರು. ಟಿವಿಯಲ್ಲಿ ಯಾರೋ ಓಡುತ್ತಿದ್ದರು, ಕಾಮೆಂಟರಿಯವನು ಕೂಗುತ್ತಿದ್ದ. ನಾನು ಕಾದೆ. ಅಷ್ಟು ಕಷ್ಟದ ಕಾಯುವಿಕೆ ನನಗೆ ಯಾವ ವೇದಿಕೆಯ ಮೇಲೂ ಎದುರಾಗಿಲ್ಲ. ಆ ಪದ ನನ್ನ ಬಾಯಲ್ಲಿ ಸಿದ್ಧವಾಗಿ ಕೂತಿತ್ತು.

"ಚೆಂಡು" ಎಂದರು ಅಪ್ಪ. "ಚೆಂಡು ಕೊಡ್ಬೇಕು, ದಡ್ಡಿ."

ಅಮ್ಮ ಬಂದು ಅವರ ಭುಜದ ಮೇಲೆ ಕೈಯಿಟ್ಟಳು. "ಸಾಕು ರೀ, ಸುಸ್ತಾಗತ್ತೆ. ಅವಳಿಗೆ ಅರ್ಥ ಆಯ್ತು."

"ಆಗಿಲ್ಲ" ಎಂದರು ಅಪ್ಪ. "ಅವಳಿಗೆ... ಎಲ್ಲಿ ಆಗಿದೆ? ತಡಿಯೇ. ನಂದು ಮುಗಿದಿಲ್ಲ."

ಆಟ ಅಪ್ಪನನ್ನು ಗುಣಪಡಿಸಿತೆಂದು ನಾನು ಹೇಳುವುದಿಲ್ಲ. ಔಷಧಿ, ವ್ಯಾಯಾಮ, ಕಾಲ, ಎಲ್ಲವೂ ಜೊತೆಗೇ ಕೆಲಸ ಮಾಡುತ್ತಿದ್ದಾಗ ಒಂದಕ್ಕೇ ಹಾರ ಹಾಕುವುದು ಕೆಟ್ಟ ತರ್ಕ. ಮರುದಿನ ಅವರು ಮತ್ತೆ ಹ್ಞೂಂ, ಬೇಡಗಳಿಗೇ ಮರಳಿದ್ದರು. ಮಾತು ಪೂರ್ತಿ ಬರಲು ಇನ್ನೂ ಬಹಳ ಕಾಲ ಹಿಡಿಯಿತು, ಕೆಲವು ಪದಗಳು ಇವತ್ತಿಗೂ ಬಂದಿಲ್ಲ. ಅಪ್ಪನ ತಂಡ ಆ ಪಂದ್ಯವನ್ನೂ ಸೋತಿತು.

ಆದರೆ ಆ ಬೆಳಿಗ್ಗೆ ಅಪ್ಪ ಒಂದೊಂದೇ ಪದ ಹೆಕ್ಕಿ ತಂದು ಲೀಗ್ ಯಾಕೆ ಯೂನಿಯನ್‌ಗಿಂತ ಮೇಲು ಎಂಬುದನ್ನು ಸಾಧಿಸುತ್ತಾ ಹೋದರು. ಅವರ ವಾದದಲ್ಲಿ ಒಂದು ದೊಡ್ಡ ತೂತು ಇತ್ತು. ನಾನು ಅದನ್ನು ಕೂಡಲೇ ಕಂಡೆ, ಕೂಡಲೇ ಹೇಳಿಯೂ ಹೇಳಿದೆ. ಅಪ್ಪ ಸೋಫಾದ ತುದಿಗೆ ಸರಿದು ಕೂತು ಉತ್ತರ ಹುಡುಕತೊಡಗಿದರು. ಅಡುಗೆಮನೆಯಿಂದ ದೋಸೆ ಸೀದ ವಾಸನೆ ಬಂತು. ಅಮ್ಮ ಜಾಗ ಬಿಟ್ಟು ಕದಲಲಿಲ್ಲ.