ದಿಬ್ಬಣ ಎಳೆದು ತಂದ ವೈ.ಡಿ.

ಹೋದ ವಾರ ಸೂಳಗಿರಿಯ ಕುಲುಮೆಯೊಂದರಲ್ಲಿ ಗುದ್ದಲಿ ಹದ ಮಾಡಿಸಲು ಕೂತಿದ್ದೆ. ಕಮ್ಮಾರ ಬೆಂಕಿಗೆ ಹೊಸ ಕಲ್ಲಿದ್ದಲು ಸುರಿದು ಗಾಳಿ ಕೊಟ್ಟ. ಗಂಧಕ ಬೆರೆತ ಆ ಘಾಟು ಮೂಗಿಗೆ ಬಡಿದದ್ದೇ ತಡ, ನಮ್ಮ ಎದುರುಮನೆ ಮಾವ ಬಂದು ಪಕ್ಕದಲ್ಲಿ ನಿಂತಂತಾಯಿತು. ಅವರ ಖಾಕಿ ಅಂಗಿಗೆ, ತಲೆಗೆ ಸುತ್ತಿದ ವಸ್ತ್ರಕ್ಕೆ, ಧರ್ಮಪುರಿಯಿಂದ ನಮಗೆ ತರುತ್ತಿದ್ದ ಮಾವಿನಹಣ್ಣಿಗೂ ಇದೇ ವಾಸನೆ...

ಮಾವ ರೈಲು ಡ್ರೈವರು. ನಮಗೆ ರಕ್ತಸಂಬಂಧವೇನೂ ಅಲ್ಲ. ಹೊಸೂರಿನ ನಮ್ಮ ಬೀದಿಯಲ್ಲಿ ಎದುರುಬದುರು ಬಾಗಿಲು, ಅಷ್ಟೆ. ಮಕ್ಕಳಿಲ್ಲದ ಅವರಿಗೆ ನನ್ನ ಅಕ್ಕ ಎಂದರೆ ಪ್ರಾಣ.

ಅವರು ಓಡಿಸುತ್ತಿದ್ದುದು ವೈ.ಡಿ. ಎಂಬ ಜಾತಿಯ ಉಗಿ ಎಂಜಿನ್. ಬ್ರಿಟಿಷರ ಕಾಲದಲ್ಲಿ ಒಂದೊಂದು ರೈಲು ಕಂಪನಿ ತನಗೆ ಬೇಕಾದ ಬಗೆಯ ಎಂಜಿನ್ ತರಿಸಿಕೊಂಡು, ಒಂದರ ಬಿಡಿಭಾಗ ಇನ್ನೊಂದಕ್ಕೆ ಹೊಂದದೆ ಪಾಡುಪಡುತ್ತಿತ್ತಂತೆ. ಕೊನೆಗೆ ದೇಶಕ್ಕೆಲ್ಲ ಒಪ್ಪುವಂತೆ ಕೆಲವು ಮಾದರಿ ಗೊತ್ತುಮಾಡಿದರು. ಮೀಟರ್ ಗೇಜ್ ಹಳಿಯ ಸರಕು ಗಾಡಿಗೆಂದು ಬಂದದ್ದು ವೈ.ಡಿ. ಹಡಗು ಹತ್ತಿ ಬಂದ ಆ ಎಂಜಿನ್‌ಗಳ ಒಡಹುಟ್ಟುಗಳು ಬರ್ಮಾದಲ್ಲೂ ದುಡಿದವು ಎಂದು ಮಾವ ಸ್ವಂತ ನೆಂಟರ ಸುದ್ದಿಯಂತೆ ಹೇಳುತ್ತಿದ್ದರು. ಸ್ವಾತಂತ್ರ್ಯ ಬಂದ ಮೇಲೆ ವೈ.ಪಿ., ವೈ.ಜಿ. ಎಂಬ ಹೊಸ ಉಗಿ ಎಂಜಿನ್‌ಗಳು ಇವನ್ನು ಹಿಂದಕ್ಕೆ ಸರಿಸಿದವು. ಆಮೇಲೆ ಡೀಸೆಲ್ ಬಂತು. ನಮ್ಮ ಮಾವನ ಎಂಜಿನ್ನಿಗೆ ಉಳಿದದ್ದು ಜಲ್ಲಿ ಎಳೆಯುವ ಕೆಲಸ. ಇನ್ನು ಸ್ವಲ್ಪ ದಿನಕ್ಕೆ ಗುಜರಿ ಎಂದು ಎಲ್ಲರೂ ಹೇಳುತ್ತಿದ್ದರು. ಮಾವ ಆ ಮಾತು ಬಂದಾಗ ಎದ್ದು ಒಳಗೆ ಹೋಗುತ್ತಿದ್ದರು.

ಅಕ್ಕನ ಮದುವೆ ಗೊತ್ತಾದಾಗ ಮಾವನಿಗೆ ರಜೆ ಸಿಗಲಿಲ್ಲ. ಅಕ್ಕ ಅತ್ತಳು. ಮುಹೂರ್ತ ನಡುಮಧ್ಯಾಹ್ನ, ಹೊಸೂರಿನ ಛತ್ರದಲ್ಲಿ. ಗಂಡಿನ ಕಡೆಯವರು ಪಾಲಕ್ಕೋಡಿನವರು. ಅವರನ್ನು ಬೆಳಗಿನ ರೈಲಿಗೆ ಕರೆತರುವ ಹೊಣೆ ನನ್ನದು. ಆಗಷ್ಟೇ ಫ್ಯಾಕ್ಟರಿ ಕೆಲಸಕ್ಕೆ ಸೇರಿದ್ದೆ, ಮೀಸೆ ಹುರಿಮಾಡಿಕೊಂಡೇ ಹೊರಟಿದ್ದೆ.

ರಾಯಕೋಟೆಯಲ್ಲಿ ನಮ್ಮ ಡೀಸೆಲ್ ಎಂಜಿನ್ ಕೆಟ್ಟು ನಿಂತಿತು. ಬೇರೆ ಎಂಜಿನ್ ಬರಬೇಕಾದರೆ ಸಂಜೆಯಾಗುತ್ತದೆ ಎಂದರು. ಬೀಗರ ಮುಖ ಗಂಟಿಕ್ಕಿತು. ಅಪಶಕುನ ಎಂದು ಯಾರೋ ಮೆಲ್ಲಗೆ ಅಂದದ್ದು ನನ್ನ ಕಿವಿಗೂ ಬಿತ್ತು. ಪ್ಲಾಟ್‌ಫಾರಂಗೆ ಇಳಿದರೆ, ಪಕ್ಕದ ಹಳಿಯಲ್ಲಿ ಜಲ್ಲಿ ಗಾಡಿ ಹಿಡಿದುಕೊಂಡು ಮಾವನ ವೈ.ಡಿ. ನಿಂತಿದೆ!

ಮಾವ ಆಗಲೇ ಸ್ಟೇಷನ್ ಮಾಸ್ತರರ ಮುಂದಿದ್ದರು. ಮಾಸ್ತರರು ತಮಿಳಿನಲ್ಲಿ, ಜಲ್ಲಿ ಎಳೆಯೋ ಮುದಿ ಎಂಜಿನ್ನನ್ನು ನಂಬಿ ಈ ಏರಿನಲ್ಲಿ ಜನರನ್ನು ಕಳಿಸುವುದು ಹೇಗೆ ಎನ್ನುತ್ತಿದ್ದರು.

"ಭಾರ ಎಳೆಯಕ್ಕೇ ಹುಟ್ಟಿರೋದು ಸಾರ್ ಇದು," ಎಂದರು ಮಾವ. "ಜಲ್ಲಿ ಆದ್ರೇನು, ಜನ ಆದ್ರೇನು?"

ಮಾಸ್ತರರು ಮೇಲಿನವರಿಗೆ ಫೋನು ಮಾಡಿದರು. ಬಹಳ ಹೊತ್ತು ಮಾತಾಡಿ, ಕೊನೆಗೆ ಆಗಲಿ ಎಂದು ತಲೆಯಾಡಿಸಿದರು. ಜಲ್ಲಿ ಗಾಡಿ ಬಿಚ್ಚಿ ವೈ.ಡಿ.ಯನ್ನು ನಮ್ಮ ರೈಲಿಗೆ ಜೋಡಿಸಿದರು.

ರಾಯಕೋಟೆ ಬಿಟ್ಟರೆ ಕೆಳಮಂಗಲದ ಕಡೆಗೆ ಏರೇ ಏರು. ಅವತ್ತು ತುಂತುರು ಬೇರೆ. ಅರ್ಧ ಏರಿದ ಮೇಲೆ ಚಕ್ರಗಳು ನಿಂತಲ್ಲೇ ಗರಗರ ತಿರುಗಿ, ಗಾಡಿ ನಿಂತುಬಿಟ್ಟಿತು. ಚಕ್ರ ಜಾರದಂತೆ ಹಳಿಯ ಮೇಲೆ ಮರಳು ಉದುರಿಸುವ ಕೊಳವೆ ತೇವಕ್ಕೆ ಕಟ್ಟಿಕೊಂಡಿತ್ತು. ಮಾವ ಎಂಜಿನ್ನಿನ ಮರಳುಪೆಟ್ಟಿಗೆಯೊಳಗಿನ ಒಣಮರಳನ್ನು ಬಕೆಟ್ಟಿಗೆ ತುಂಬಿಸಿ ನನ್ನನ್ನು ಕೂಗಿದರು.

"ಮುಂದಕ್ಕೆ ಹೋಗಿ ಹಳಿ ಮ್ಯಾಲೆ ಸುರೀತಾ ಹೋಗ್ಲಾ. ನಾನು ಸೀಟಿ ಹೊಡೆದ್ರೆ ಪಕ್ಕಕ್ಕೆ ಬಂದ್ಬುಡು."

ಒಂದು ಹಳಿಗೆ ನಾನು. ಇನ್ನೊಂದಕ್ಕೆ ಯಾರು ಎಂದು ತಿರುಗಿ ನೋಡಿದರೆ, ಮದುಮಗ! ಅಲ್ಲಿಯವರೆಗೂ ನನ್ನೊಡನೆ ಎರಡು ಮಾತೂ ಆಡದಿದ್ದ ಭಾವ, ತಾಯಿ ಬೇಡವೆಂದರೂ ಕೇಳದೆ, ಜರಿಪಂಚೆ ಎತ್ತಿಕಟ್ಟಿ, ಬೀಗರ ಹಿತ್ತಾಳೆ ಕೊಳಗದ ತುಂಬ ಮರಳು ಹೊತ್ತು ಬಂದಿದ್ದರು. ಇಬ್ಬರೂ ಸುರಿಯುತ್ತ ನಡೆದೆವು. ಸೀಟಿಯಾಯಿತು, ಪಕ್ಕಕ್ಕೆ ಹಾರಿದೆವು. ವೈ.ಡಿ. ಒಂದು ಉಸಿರು ಬಿಟ್ಟಿತು, ಇನ್ನೊಂದು ಬಿಟ್ಟಿತು... ಚಕ್ರ ಮರಳನ್ನು ಕಚ್ಚಿತು. ಡಬ್ಬಿಗಳು ಒಂದರ ಹಿಂದೊಂದು ಎಳೆದುಕೊಂಡವು. ಜನ ಕಿಟಕಿಯಿಂದ ಕೈಬೀಸಿ ಕೂಗುತ್ತಿರುವಾಗ ನಾವಿಬ್ಬರೂ ಓಡಿ ಮೆಟ್ಟಿಲು ಹಿಡಿದೆವು. ಕೆಳಮಂಗಲದವರೆಗೂ ಮಾವ ಸೀಟಿ ನಿಲ್ಲಿಸಲಿಲ್ಲ. ಗದ್ದೆಯಲ್ಲಿದ್ದವರೆಲ್ಲ ನೆಟ್ಟಗೆ ನಿಂತು ನೋಡಿದರು.

ಮುಹೂರ್ತ ಮೀರುವ ಮೊದಲೇ ಛತ್ರ ಸೇರಿದೆವು. ಎಂಜಿನ್ನನ್ನು ಜೊತೆಗಾರನಿಗೆ ಒಪ್ಪಿಸಿ ಮಾವನೂ ಬಂದರು, ಆದರೆ ಮಸಿಬಟ್ಟೆಯಲ್ಲಿ ಒಳಗೆ ಬರದೆ ಬಾಗಿಲಲ್ಲೇ ನಿಂತರು. ಭಾವ ಹಸೆಯಿಂದ ಎದ್ದು ಹೋಗಿ, ಕೈಹಿಡಿದು ಕರೆತಂದು ಮುಂದೆ ನಿಲ್ಲಿಸಿದರು. ಅಪಶಕುನ ಎಂದಿದ್ದವರೇ ದಾರಿ ಬಿಟ್ಟರು. ಮಾವ ಹಾಕಿದ ಅಕ್ಷತೆ ಕಪ್ಪಾಗಿತ್ತು. ಅಕ್ಕ ಅದನ್ನು ತಲೆಯಿಂದ ಕೊಡವಿಕೊಳ್ಳಲಿಲ್ಲ.

ಆ ಎಂಜಿನ್ ಗುಜರಿಗೆ ಹೋಯಿತು. ಮೀಟರ್ ಗೇಜ್ ಹಳಿ ಕಿತ್ತು ಬ್ರಾಡ್ ಗೇಜ್ ಹಾಕಿದರು. ಮಾವ ತೀರಿಕೊಂಡು ಎಷ್ಟೋ ವರ್ಷಗಳಾದವು. ಎದುರು ಮನೆಯ ಜಾಗದಲ್ಲಿ ಈಗ ಮಹಡಿ ಕಟ್ಟಿ ಬಾಡಿಗೆಗೆ ಕೊಟ್ಟಿದ್ದಾರೆ. ಅಲ್ಲಿರುವ ಹುಡುಗರಿಗೆ ಮಾವ ಯಾರೆಂದು ಗೊತ್ತಿಲ್ಲ, ಗೊತ್ತಾಗಬೇಕಾದ್ದೂ ಇಲ್ಲ.

ಮೊನ್ನೆ ಅಕ್ಕನ ಮನೆಗೆ ಹೋದಾಗ ಮಾವನ ಮಾತು ತೆಗೆದೆ. ಅವಳು ಭಾವನ ಕಡೆ ನೋಡಿ ನಕ್ಕಳು.

"ತಾಳಿ ಕಟ್ಟಿದ್ದು ಇವ್ರು ಕಣ್ಲಾ," ಎಂದಳು. "ಇವ್ರನ್ನ ತಂದ್ಕೊಟ್ಟಿದ್ದು ಮಾವ."