ಕಾರ್ಯಾಲಯದ ಟೈಲ್ಸ್ ಮೇಲೆ ಸುರಗಿಯ ಅರಿಶಿನ

ತಮ್ಮನ ಮಗಳ ಮದುವೆಗೆ ಹುಬ್ಬಳ್ಳಿಯ ವಿದ್ಯಾನಗರದಲ್ಲಿ ಮಂಗಲ ಕಾರ್ಯಾಲಯ ಹಿಡಿದಾಗ ಅದರ ಪಾವತಿ ಚೀಟಿಯನ್ನು ಪೂರ್ತಿ ಓದಿದವಳು ನಾನೊಬ್ಬಳೇ. ಹಿಂಬದಿಯಲ್ಲಿ ಸಣ್ಣ ಅಕ್ಷರದಲ್ಲಿ ಹದಿನಾಲ್ಕು ನಿಯಮಗಳಿದ್ದವು. ಜನರೇಟರ್ ಓಡಿದರೆ ತಾಸಿಗೆ ಇಷ್ಟು, ಹೆಚ್ಚಿನ ಕೋಣೆಗೆ ಇಷ್ಟು, ಸಂಜೆ ನಾಲ್ಕರೊಳಗೆ ಕೀಲಿ ಕೊಡದಿದ್ದರೆ ಇಷ್ಟು. ಧಾರವಾಡದಲ್ಲಿ ಮೂವತ್ತು ವರ್ಷ ಹೆಣ್ಣುಮಕ್ಕಳ ವಸತಿ ಶಾಲೆ ನಡೆಸಿದವಳಿಗೆ ನಿಯಮವೆಂದರೆ ಅಂಜಿಕೆಯಿಲ್ಲ. ಪ್ರತಿಯೊಂದರ ಮುಂದೆ ಒಬ್ಬೊಬ್ಬರ ಹೆಸರು ಬರೆದು ಕೆಲಸ ಹಂಚಿದೆ. ಹದಿಮೂರನೆಯದು ನೆಲಕ್ಕೆ ಕಲೆ ಹತ್ತಿದರೆ ಪಾಲಿಶ್ ಖರ್ಚು ಬೇರೆ ಎಂದಿತ್ತು. ರಂಗೋಲಿಯ ಬಣ್ಣಕ್ಕೆ ಹೇಳಿದ ಮಾತೆಂದು ತಿಳಿದು, ರಂಗೋಲಿಯನ್ನು ಹಲಗೆಯ ಮೇಲೆ ಬರೆಸಿದೆ. ಅರಿಶಿನವನ್ನೂ ಯಾರಾದರೂ ಕಲೆ ಎಂದು ಕರೆದಾರು ಎಂಬುದು ಹೊಳೆಯಲೇ ಇಲ್ಲ.

ಹೊಳೆಯುವುದಾದರೂ ಹೇಗೆ? ನಮ್ಮ ಕಾಲದ ಮದುವೆಗಳು ಮನೆಯಲ್ಲೇ ಆದವು. ನನ್ನ ಮದುವೆಗೆ ಪಕ್ಕದ ಮನೆಯವರು ನಡುವಿನ ಬೇಲಿ ಕಿತ್ತು ಎರಡೂ ಅಂಗಳ ಒಂದು ಮಾಡಿ ಹಂದರ ಹಾಕಿಸಿದರು. ಬೀಗರನ್ನು ಎದುರುಮನೆಯಲ್ಲಿ ಇಳಿಸಿದೆವು. ಆ ಮನೆಯವರು ಮೂರು ದಿನ ಅಟ್ಟದ ಮೇಲೆ ಮಲಗಿದರು. ಹಂಡೆ, ಪರಾತ, ಜಮಖಾನೆ ಗುಡಿಯಿಂದ ಬಂದವು. ತಿಕ್ಕಿ ಬೆಳಗಿ ಮರಳಿಸಿದರೆ ಲೆಕ್ಕ ಮುಗಿಯಿತು. ಸುರಗಿಯಂತೂ ಸೆಗಣಿ ಸಾರಿಸಿದ ಅಂಗಳದಲ್ಲೇ. ನಾಲ್ಕು ಮೂಲೆಗೆ ನಾಲ್ಕು ತಂಬಿಗೆ, ಅವುಗಳ ಸುತ್ತ ಐದು ಎಳೆ ನೂಲು, ಆ ನೂಲಿನ ಚೌಕದೊಳಗೆ ಮಣೆಯ ಮೇಲೆ ಮದುಮಕ್ಕಳು. ಮುತ್ತೈದೆಯರು ಎಣ್ಣೆ ಅರಿಶಿನ ಹಚ್ಚಿ, ಹಾಡುತ್ತ ನೀರೆರೆಯುತ್ತಿದ್ದರು. ನೀರು ಎತ್ತ ಹರಿಯಿತೆಂದು ಯಾರೂ ತಿರುಗಿ ನೋಡುತ್ತಿರಲಿಲ್ಲ. ನಾನು ಅತ್ತೆಯ ಮನೆಗೆ ಹೋದ ಮೇಲೂ ಎಂಟು ದಿನ ನಮ್ಮ ಅಂಗಳ ಹಳದಿಯಾಗಿಯೇ ಇತ್ತಂತೆ. ಸಾರಿಸಲು ಬಂದವಳನ್ನು ಅವ್ವ ತಡೆದಳಂತೆ: "ಇರ್ಲಿ ಬಿಡವಾ. ಮಗಳು ಇನ್ನೂ ಮನ್ಯಾಗ ಅದಾಳ ಅನಸ್ತದ."

ಈ ಮದುವೆಯಲ್ಲಿ ಬೆಳಗಿನ ಆರಕ್ಕೆ ಸುರಗಿ. ಕಾರ್ಯಾಲಯದ ಹಿಂದಿನ ಪಡಸಾಲೆಯಲ್ಲಿ ಬಿಳಿ ಟೈಲ್ಸ್ ಮೇಲೆ ತಂಬಿಗೆ ಇಡಿಸಿದವಳು ನಾನೇ. ಹುಡುಗ ಹುಡುಗಿ ಇಬ್ಬರೂ ಜೋಡಿಯಾಗಿ ಕೂತರು. ಆರೂವರೆಗೆ ಮುಗಿಯಿತು. ಗಡಿಯಾರ ನೋಡಿ ಸಮಾಧಾನಪಟ್ಟೆ.

ಊಟದ ಕೊನೆಯ ಪಂಕ್ತಿ ಎದ್ದಾಗ ಎರಡು ಗಂಟೆ. ಮ್ಯಾನೇಜರ್ ತಮ್ಮನನ್ನು ಆಫೀಸಿಗೆ ಕರೆದ. ಸ್ವಲ್ಪ ಹೊತ್ತಿಗೆ ತಮ್ಮ ನನ್ನನ್ನು ಕರೆದ. ಹೆಚ್ಚಿನ ಖರ್ಚಿನ ಚೀಟಿ ಮೇಜಿನ ಮೇಲಿತ್ತು: ಜನರೇಟರ್ ನಾಲ್ಕು ತಾಸು, ಎರಡು ಹೆಚ್ಚಿನ ಕೋಣೆ, ಟೈಲ್ಸ್ ಪಾಲಿಶ್ ಎಂಟು ಸಾವಿರ. ನಾನು ಗಟ್ಟಿಯಾಗಿಯೇ ಓದಿದೆ.

"ಅಕ್ಕಾ, ದನಿ ಸಣ್ಣ ಮಾಡು," ಎಂದ ತಮ್ಮ. "ಬೀಗರು ಹೊರಗ ಎಲಿ ಅಡಿಕಿ ಹಾಕ್ಕೋತ ಕುಂತಾರ. ಅವರ ಕಿವಿಗೆ ಬಿದ್ರ ಸುಮ್ಮನಿರೂ ಮಂದಿ ಅಲ್ಲ, ಕಿಸೆಕ್ಕ ಕೈ ಹಾಕಿ ಬಿಡ್ತಾರ."

ಅವನ ಹೆದರಿಕೆ ಹಣದ್ದಲ್ಲ. ನಿಶ್ಚಯದ ದಿನ ಬೀಗರು ಖರ್ಚನ್ನು ಅರ್ಧರ್ಧ ಮಾಡೋಣವೆಂದಾಗ, ಒಂದು ರೂಪಾಯಿಯೂ ಬೇಡ, ನನ್ನ ಮಗಳ ಮದುವೆ ನಾನೇ ಮಾಡುತ್ತೇನೆ ಎಂದು ಅವನು ಎಲ್ಲರೆದುರು ಹೇಳಿದ್ದ. ಅದು ತೀರಿಹೋದ ಹೆಂಡತಿಗೆ ಅವನು ಕೊಟ್ಟ ಮಾತು. ಕೊನೆಯ ಸಲ ಆಸ್ಪತ್ರೆಗೆ ಹೋದಾಗ ಅವಳು, "ಆಕಿ ಲಗ್ನಕ್ಕ ಯಾರ ಮುಂದೂ ಕೈ ಒಡ್ಡಬ್ಯಾಡ್ರಿ" ಎಂದಿದ್ದಳು. ಆರು ವರ್ಷ ಅವನು ಆ ಮಾತನ್ನು ಹೊತ್ತುಕೊಂಡು ಓಡಾಡಿದ್ದ.

ನಾನು ಚೀಲದಿಂದ ನೋಟ್‌ಬುಕ್ಕು ತೆಗೆದೆ.

"ಕರೆಂಟ್ ಹೋದದ್ದು ಒಂಬತ್ತೂ ಹತ್ತಕ್ಕ, ಬಂದದ್ದು ಒಂಬತ್ತೂ ಐವತ್ತಕ್ಕ. ನಾಲ್ಕು ತಾಸು ಎಲ್ಲಿಂದ ಬಂತ್ರಿ?"

"ನಮ್ಮ ಮಂದಿ ಬರದಾರ್ರೀ ಬಾಯಾರ," ಎಂದ ಮ್ಯಾನೇಜರ್.

"ಅವರು ಬರದದ್ದು ತರಸ್ರಿ. ನಾ ಬರದದ್ದು ಇಲ್ಲೇ ಅದ."

ಅವನು ತರಿಸಲಿಲ್ಲ. ನಾಲ್ಕನ್ನು ಹೊಡೆದುಹಾಕಿ ಒಂದು ಎಂದು ಬರೆದ. ಹೆಚ್ಚಿನ ಕೋಣೆಗಳ ಕೀಲಿಯನ್ನು ನಾವು ಇಸಿದುಕೊಂಡೇ ಇರಲಿಲ್ಲ; ಕೀಲಿಗಳು ಅವನ ಬೆನ್ನ ಹಿಂದೆ ಗೋಡೆಗೇ ತೂಗುತ್ತಿದ್ದವು. ಅದೂ ಹೋಯಿತು. ಆಗ ಅವನು ಎದ್ದು ನಿಂತ. "ಟೈಲ್ಸ್ ಮಾತ್ರ ನೀವ ಬಂದು ನೋಡ್ರಿ."

ಪಡಸಾಲೆಗೆ ಹೋಗಿ ನೋಡಿದೆ. ಚಾಪೆಯಗಲದ ಕಲೆ ಕುಂಕುಮದಷ್ಟು ಕೆಂಪಾಗಿತ್ತು. ಅವನ ಕೆಲಸದವರು ಸೋಪಿನ ಪುಡಿ ಹಾಕಿ ತಿಕ್ಕಿದ್ದರು. ಅರಿಶಿನಕ್ಕೆ ಸೋಪು ತಾಗಿದರೆ ಕೆಂಪಾಗುತ್ತದೆಂದು ಸೀರೆ ಒಗೆದ ಯಾವ ಹೆಂಗಸನ್ನು ಕೇಳಿದರೂ ಹೇಳಿಯಾಳು.

"ಕೆಂಪ ಮಾಡಿದವರು ನಿಮ್ಮವರು," ಎಂದೆ.

"ಖರೇ ಬಾಯಾರ. ಆದ್ರ ಅರಿಷಿಣ ಚೆಲ್ಲಿದವರು ಯಾರ್ರಿ?"

ನೋಟ್‌ಬುಕ್ಕು ಮುಚ್ಚಿ ಚೀಲಕ್ಕೆ ಹಾಕಿದೆ. ಮೂರೂವರೆಯವರೆಗೆ ವೇಳೆ ಕೇಳಿದೆ. ಉಳಿದ ಕಲೆಗಷ್ಟೇ ಹಣ ಕೊಡುವೆವೆಂದೆ. ಅವನು ನಕ್ಕ. "ತಿಕ್ಕ್ರಿ, ನಿಮ್ಮ ಕೈಗುಣಾನೂ ನೋಡೂಣು."

ಅಡುಗೆಮನೆಯಲ್ಲಿ ಉಳಿದ ನಿಂಬೆಹಣ್ಣು, ಉಪ್ಪು, ತೆಂಗಿನ ನಾರು ತಂದು, ಸೆರಗು ಸಿಕ್ಕಿಸಿ ಕೂತೆ. ನಿಂಬೆರಸ ಬಿದ್ದಲ್ಲೆಲ್ಲ ಕೆಂಪು ಮತ್ತೆ ಹಳದಿಗೆ ತಿರುಗಿತು. ತಮ್ಮ ಬಾಗಿಲಿಗೆ ಬೆನ್ನು ಕೊಟ್ಟು ಕಾವಲು ನಿಂತ. ಆದರೂ ಬಾಗಿಲು ತೆರೆಯಿತು. ಬಂದವಳು ಬೀಗಿತ್ತಿ, ಹುಡುಗನ ತಾಯಿ, ಸುಳ್ಳ ಎಂಬ ಹಳ್ಳಿಯ ಒಕ್ಕಲುತನದ ಮನೆಯಾಕೆ. ಕೈ ತೊಳೆಯಲು ನಲ್ಲಿ ಹುಡುಕುತ್ತಿದ್ದಳು.

"ಏನ್ ನಡಸೀರಿ ಅಕ್ಕಾರ?"

"ಏನಿಲ್ರಿ, ಸ್ವಲ್ಪ ನೀರು ಚೆಲ್ಲಿತ್ತು," ಎಂದ ತಮ್ಮ.

"ನೀರು ಇಷ್ಟು ಹಳದಿ ಇರತೈತೇನ್ರಿ ಬೀಗರ?" ಅವಳು ನೆಲ ನೋಡಿದಳು, ಅವನ ಕೈಯಲ್ಲಿದ್ದ ಚೀಟಿ ನೋಡಿದಳು. ರೇಷ್ಮೆ ಸೀರೆಯ ಸೆರಗು ನಡುವಿಗೆ ಸಿಕ್ಕಿಸಿ ನನ್ನ ಪಕ್ಕದಲ್ಲೇ ಕೂತುಬಿಟ್ಟಳು.

ತಮ್ಮ ಕೈ ಜೋಡಿಸಿದ. "ಬ್ಯಾಡ್ರಿ, ಏಳ್ರಿ. ನೀವು ಗಂಡಿನ ಕಡೆಯವರು."

"ಸುರಗಿಯೊಳಗ ನನ್ನ ಮಗಾನೂ ಕುಂತಿದ್ದಿಲ್ಲೇನ್ರಿ? ಅರ್ಧಾ ಅರಿಷಿಣ ನಮ್ಮದು. ನಮ್ಮ ಅರ್ಧಾ ನಾ ತಿಕ್ಕತೇನಿ." ಆಮೇಲೆ ನನ್ನ ಕೈ ನೋಡಿ, "ಅಕ್ಕಾರ, ಇದು ಸಾಲಿ ಪಾಟಿ ಒರಸಿದಂಗಾತು. ಜೋರ್ ಹಚ್ಚ್ರಿ!"

ಅವಳನ್ನು ಹುಡುಕಿಕೊಂಡು ಅವಳ ಇಬ್ಬರು ನಾದಿನಿಯರು ಬಂದರು. ಅವರ ಬೆನ್ನಿಗೆ ನಮ್ಮ ಹೆಂಗಸರು ಬಂದರು. ಯಾರೋ ಬೀಗರನ್ನು ಹಂಗಿಸುವ ಹಾಡು ಎತ್ತಿದರು, ಎದುರಿನವರು ಅದಕ್ಕಿಂತ ಖಾರದ್ದೊಂದು ತಿರುಗಿ ಹಾಡಿದರು. ನಮ್ಮ ಓಣಿಯ ಹಂದರಗಳು ಹೋದ ಮೇಲೆ ಅಂಥ ಹಾಡನ್ನು ನಾನು ಕೇಳಿರಲಿಲ್ಲ. ಮೊಣಕಾಲು ನೋಯುತ್ತಿತ್ತು, ಏಳಲು ಮನಸ್ಸಾಗಲಿಲ್ಲ.

ಮೂರೂವರೆಗೆ ಮ್ಯಾನೇಜರ್ ಬಂದು ಬಗ್ಗಿ ನೋಡಿದ. ಟೈಲ್ಸ್ ಬೆಳ್ಳಗಾಗಿದ್ದವು. ಸಂದುಗಳಲ್ಲಿ ಮಾತ್ರ ಎಳೆಯಷ್ಟು ಹಳದಿ ಉಳಿದಿತ್ತು. ಎಂಟು ಸಾವಿರ ಎರಡಾಯಿತು. ಬೀಗಿತ್ತಿ ತನ್ನ ಪರ್ಸಿನಿಂದ ಒಂದು ಸಾವಿರ ತೆಗೆದು, ತಮ್ಮನಿಗಲ್ಲ, ನನಗೆ ಚಾಚಿದಳು. ತಮ್ಮ ಬೇಡವೆಂದು ತಲೆಯಾಡಿಸಿದ. ನಾನು ತೆಗೆದುಕೊಂಡೆ. ಒಲ್ಲೆನೆಂದರೆ, ಅಷ್ಟು ಹೊತ್ತು ನೆಲಕ್ಕೆ ಕೂತು ತಿಕ್ಕಿದವಳನ್ನು ಎಬ್ಬಿಸಿ ಹೊರಗೆ ಕಳಿಸಿದಂತಾಗುತ್ತಿತ್ತು.

ನಾಲ್ಕಕ್ಕೆ ಹತ್ತು ನಿಮಿಷವಿರುವಾಗ ಕೀಲಿ ಕೊಟ್ಟು, ಹುಡುಗಿಯನ್ನು ಸುಳ್ಳಕ್ಕೆ ಕಳಿಸಿ, ನಾವು ಧಾರವಾಡದ ಹಾದಿ ಹಿಡಿದೆವು. ಕಾರಿನಲ್ಲಿ ತಮ್ಮ ನನ್ನ ಕಡೆ ತಿರುಗಿದ.

"ಆಕಿ ಇದ್ದಿದ್ರ ಏನಂತಿದ್ಲು ಅಕ್ಕಾ?"

"ಏನಂತಿದ್ಲು? ನನಕಿಂತ ಮೊದಲ ಕುಂತು ತಿಕ್ಕತಿದ್ಲು. ಬೀಗಿತ್ತಿ ಕೂಡ ಮಾತಿಗಿಳದು, ನಾಕು ಹೊಡದದ್ದೂ ಗೊತ್ತಾಗತಿದ್ದಿಲ್ಲ. ಕೀಲಿ ತಡಾ ಆತಂತ ಮತ್ತೊಂದು ದಂಡ ಕೊಡತಿದ್ವಿ."

ಅವನು ನಕ್ಕ. ನಗುತ್ತಲೇ ಕಿಟಕಿಯ ಕಡೆ ಮುಖ ತಿರುಗಿಸಿ ಕಣ್ಣೊರೆಸಿಕೊಂಡ. ಆಮೇಲೆ ನನ್ನ ಫೋನು ಕೇಳಿದ. ಒಂದು ವರ್ಷ ಬೀಗರೊಡನೆ ಆಡಬೇಕಾದ ಮಾತನ್ನೆಲ್ಲ ಅವನು ನನ್ನಿಂದಲೇ ಆಡಿಸಿದ್ದ. ಅವತ್ತು ಬೀಗಿತ್ತಿಗೆ ತಾನೇ ಫೋನು ಹಚ್ಚಿ ಕೇಳಿದ:

"ಊರು ಮುಟ್ಟಿದ್ರೇನ್ರೀ ಅಕ್ಕಾರ? ಮಗಳು ಏನರೆ ತಿಂದ್ಲೇನ್ರಿ?"